ದೊಡ್ಡಪ್ಪನ ಮುಖ ಮುಟ್ಟಿದವಳು

ನಮ್ಮ ದೊಡ್ಡಪ್ಪನಿಗೆ ಮೆಲ್ಲಗೆ ಮಾತಾಡಲು ಬರುತ್ತಿರಲಿಲ್ಲ ಎಂದರೆ ತಪ್ಪಾದೀತು. ಹಾಗೊಂದು ಸೌಲಭ್ಯ ಇದೆಯೆಂದೇ ಅವರಿಗೆ ಗೊತ್ತಿರಲಿಲ್ಲ! ಡೊಂಬಿವಲಿಯ ಚಾಳಿನ ಗ್ಯಾಲರಿಯಲ್ಲಿ ನಿಂತು ಅವರು ದೊಡ್ಡಮ್ಮನನ್ನು "ಚಾ ಆಯ್ತಾ?" ಎಂದು ಕೇಳಿದರೆ, ಎದುರು ಬಿಲ್ಡಿಂಗಿನ ಮರಾಠಿ ಕಾಕು "ಝಾಲಾ ಹೋ!" ಎಂದು ತಮ್ಮ ಮನೆಯ ಚಾ ಆದದ್ದನ್ನು ತಿಳಿಸುತ್ತಿದ್ದರು. ಅವರಿಲ್ಲದ ಈ ದಿನಗಳಲ್ಲಿ ನನ್ನ ಕಿವಿಗೆ ಕೆಲಸವೇ ಇಲ್ಲ.

ಹಗಲು ಹೋಟೆಲಿನ ಗಲ್ಲಾದಲ್ಲಿ ಕೂರುತ್ತಿದ್ದ ಮನುಷ್ಯ, ರಜೆ ಬಂದರೆ ಹವ್ಯಾಸಿ ಯಕ್ಷಗಾನ ತಂಡದ ರಾಕ್ಷಸ. ಬಣ್ಣ ಹಚ್ಚುವ ಚೌಕಿಯಲ್ಲಿ ನಾವು ಮಕ್ಕಳು ಬಾಯಿ ಬಿಟ್ಟು ಕೂರುತ್ತಿದ್ದೆವು. ಕನ್ನಡಿ ಹಿಡಿಯಬಹುದಿತ್ತು, ಮುಖ ಮುಟ್ಟುವಂತಿರಲಿಲ್ಲ.

"ವೇಷಧಾರಿಯ ಮುಖ ಅವನೇ ಬರೀಬೇಕು ಮಾರಾಯ್ತಿ!" ಎಂದು ನನ್ನನ್ನು ಗದರುತ್ತಿದ್ದರು.

ಮಗನ ಮದುವೆಯಲ್ಲಿ ಪಾಪ, ಫೋಟೋದವನು ಇವರ ಹಣೆಗೆ ಪೌಡರ್ ಹಚ್ಚಲು ಬಂದು ಬೈಸಿಕೊಂಡ. ಆ ಆಲ್ಬಮ್ಮಿನಲ್ಲಿ ದೊಡ್ಡಪ್ಪ ಎಲ್ಲಿಯೂ ಇಲ್ಲ!

ಸೀವುಡ್ಸ್‌ನಲ್ಲಿದ್ದ ಆ ಮಗನಿಗೆ ಒಬ್ಬಳೇ ಮಗಳು, ನಿಧಿ. ಅವಳಿಗೆ ಆಟಿಸಂ. ಮಾತಿಲ್ಲ, ಗದ್ದಲ ಆಗಿಬರುವುದಿಲ್ಲ, ಯಾರನ್ನೂ ಮುಟ್ಟುವುದಿಲ್ಲ. ಇಂಥ ಹುಡುಗಿಯ ಹುಟ್ಟುಹಬ್ಬಕ್ಕೆ ಅಜ್ಜ ಏನು ಕೊಡಬೇಕು? ನಮ್ಮ ದೊಡ್ಡಪ್ಪ ರಾಕ್ಷಸನನ್ನೇ ಕೊಟ್ಟರು! ಕಿರೀಟ ಕಟ್ಟಿ, ಆರ್ಭಟಿಸುತ್ತಾ ಹಾಲಿಗೆ ನುಗ್ಗಿದರು. ನೆಂಟರೆಲ್ಲ ಚಪ್ಪಾಳೆ ತಟ್ಟಿದರು. ನಿಧಿ ಕಿವಿ ಮುಚ್ಚಿಕೊಂಡು ಮಂಚದ ಕೆಳಗೆ ಸೇರಿದ್ದಳು.

ಅಂದಿನಿಂದ ಅಜ್ಜನ ದನಿ ಕೇಳಿದರೆ ಸಾಕು, ಕೋಣೆಯ ಬಾಗಿಲು ಹಾಕಿಕೊಳ್ಳುತ್ತಿದ್ದಳು.

"ನನ್ನ ಮಗುವೇ ನನಗೆ ಹೆದರ್ತದಲ್ಲ, ಇನ್ನೆಂತ ಮಾಡುದು?" ಎಂದರು ದೊಡ್ಡಪ್ಪ. ಅಷ್ಟು ಮೆಲ್ಲಗೆ ಅವರು ಮಾತಾಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು.

ನಿಧಿ ವಾಶಿಯಲ್ಲಿ ಚಿತ್ರಕಲೆಯ ಥೆರಪಿಗೆ ಹೋಗುತ್ತಿದ್ದಳು. ದೊಡ್ಡಪ್ಪ ನನ್ನನ್ನೂ ಎಳೆದುಕೊಂಡು ಅಲ್ಲಿಗೆ ಹೋದರು. "ನಾನು ಏನು ಮಾಡಬೇಕು?" ಎಂದು ಹಿಂದಿಯಲ್ಲಿ ಕೇಳಿದ್ದಕ್ಕೆ ಟೀಚರ್ ಹೇಳಿದರು: "ಕುಛ್ ನಹೀ ಕಾಕಾ. ಚುಪ್‌ಚಾಪ್ ಬೈಠೋ. ವೋ ಖುದ್ ಆಯೇಗೀ." ಸುಮ್ಮನೆ ಕೂತಿದ್ದರೆ ಸಾಕು, ಅವಳೇ ಹತ್ತಿರ ಬರುತ್ತಾಳಂತೆ.

ಚುಪ್‌ಚಾಪ್! ನಮ್ಮ ದೊಡ್ಡಪ್ಪ!

ಕೂತರು ಸ್ವಾಮಿ. ಪ್ರತಿ ಶನಿವಾರ ಮೂಲೆಯ ಸ್ಟೂಲಿನ ಮೇಲೆ, ಕೆಮ್ಮು ಬಂದರೂ ನುಂಗಿಕೊಂಡು ಕೂತರು. ನಿಧಿ ಬೆನ್ನು ಹಾಕಿ ಚಿತ್ರ ಬರೆಯುತ್ತಿದ್ದಳು. ಮಳೆಗಾಲ ಮುಗಿಯುವ ಹೊತ್ತಿಗೆ ಪಕ್ಕಕ್ಕೆ ತಿರುಗಿ ಕೂರತೊಡಗಿದಳು. ಒಂದು ದಿನ ಎದ್ದು ಬಂದು ಅಜ್ಜನ ಮೂಗಿಗೆ ಬ್ರಷ್ಷಿನಿಂದ ನೀಲಿ ಬಳಿದು ಹೋದಳು. ನನಗೆ ಫೋಟೋದವನ ನೆನಪಾಯಿತು. ದೊಡ್ಡಪ್ಪ ಮಾತ್ರ ಬಣ್ಣ ತೊಳೆಯಲೇ ಇಲ್ಲ. ಲೋಕಲ್ ಟ್ರೇನಿನಲ್ಲಿ ಯಾರೋ "ಕಾಕಾ, ಆಜ್ ಹೋಳಿ ಹೈ ಕ್ಯಾ?" ಎಂದು ನಕ್ಕರು.

"ಮೇರೀ ಪೋತೀ ನೇ ಲಗಾಯಾ!"

ಮೊಮ್ಮಗಳು ಹಚ್ಚಿದ್ದು ಎಂದು ಇಡೀ ಡಬ್ಬಿಗೆ ಗೊತ್ತಾಯಿತು. ಪಕ್ಕದ ಡಬ್ಬಿಗೂ ಗೊತ್ತಾಗಿರಬೇಕು.

ಮುಂದಿನ ಶನಿವಾರ ನಿಧಿ ಇಡೀ ಮುಖಕ್ಕೇ ಕೈ ಹಾಕಿದಳು. ಹಣೆಗೆ ಹಳದಿ, ಕೆನ್ನೆಗೆ ಹಸಿರು. ದೊಡ್ಡಪ್ಪ ಕಣ್ಣು ಮುಚ್ಚಿ ಕೂತಿದ್ದರು. ಮುಚ್ಚಿದ ಕಣ್ಣಿನಿಂದ ನೀರಿಳಿದು ಹಸಿರು ಕದಡಿತು. ನಿಧಿಗೆ ಸಿಟ್ಟು ಬಂತು. ಬ್ರಷ್ ಕೆಳಗಿಟ್ಟು, ಬರಿಗೈ ಬೆರಳಿನಿಂದ ಒರೆಸಿ ಮತ್ತೆ ಹಸಿರು ಹಚ್ಚಿದಳು. ಮತ್ತೆ ನೀರು. ಮತ್ತೆ ಒರೆಸಿದಳು. ನನಗೂ ತಡೆಯಲಾಗದೆ ಅಳು ಬಂತು.

ಬಣ್ಣ ಒಣಗುವವರೆಗೂ ನಿಧಿ ಅಜ್ಜನ ಗಲ್ಲವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೇ ನಿಂತಿದ್ದಳು.