ಮೂಗಿಲ್ಲದ ತುಪ್ಪದಂಗಡಿ

ಕೆಲವರ ಪಾಲಿಗೆ ಇಂಥವು ಆಗುತ್ತಲೇ ಇರುತ್ತವೆ, ಆ ಕೆಲವರಲ್ಲಿ ನಾನು ಮೊದಲನೆಯವ. ಊರೆಲ್ಲ ಮಾಸ್ಕ್ ಬಿಸಾಕಿ, "ಕೊರೊನಾ ಮುಗೀತ್ರಿ" ಎಂದು ಒಬ್ಬರ ಹೆಗಲ ಮೇಲೊಬ್ಬರು ಕೈ ಹಾಕಿಕೊಂಡು ಓಡಾಡತೊಡಗಿದ ಮೇಲೆ ಅದು ನನ್ನ ಮನೆ ಹುಡುಕಿಕೊಂಡು ಬಂತು. ಐದು ದಿನ ಮಲಗಿಸಿತು. ಆರನೇ ದಿನ ಹೋಗುವಾಗ ನನ್ನ ಮೂಗಿನ ವಾಸನೆ, ನಾಲಿಗೆಯ ರುಚಿ ಎರಡನ್ನೂ ಒಯ್ದಿತು.

ಬೇರೆಯವರದು ಹೋಗಿದ್ದರೆ ಹೋಗಲಿ ಎನ್ನುತ್ತಿದ್ದೆ. ನಾನು ಬೈಲಹೊಂಗಲದ ಬಜಾರಿನಲ್ಲಿ ನಲವತ್ತು ವರ್ಷದಿಂದ ಬೆಣ್ಣೆ-ತುಪ್ಪದ ವ್ಯಾಪಾರ ಮಾಡುವವ. ಸುತ್ತಲಿನ ಹಳ್ಳಿಯ ಹೆಂಗಸರು ಸ್ಟೀಲ್ ಡಬ್ಬಿಯಲ್ಲಿ ಬೆಣ್ಣೆ ತರುತ್ತಾರೆ. ನಾನು ಕಿರುಬೆರಳಿನಿಂದ ಒಂದಿಷ್ಟು ತೆಗೆದು, ಎಡಗೈಯ ಹಿಂಬದಿಗೆ ತಿಕ್ಕಿ, ಮೂಸಿ, ದರ ಹೇಳುತ್ತೇನೆ. ಇದು ದೊಡವಾಡದ ಎಮ್ಮೆ, ಹತ್ತಿಕಾಳು ತಿಂದದ್ದು. ಇದು ಸಂಗೊಳ್ಳಿಯದು, ಹಸಿಮೇವು. ಇದು ನಾಲ್ಕು ದಿನದ್ದು, ಕಮಟು ಹಿಡಿದಿದೆ, ವಾಪಸ್ ಒಯ್ಯಿ. ನನ್ನ ಅಂಗಡಿಗೆ ಬೋರ್ಡಿಲ್ಲ. ಮೂಗೇ ಬೋರ್ಡು. ಅದು ಹೋಗಿದೆ ಎಂಬ ಸುದ್ದಿ ಹೊರಬಿದ್ದರೆ ನಾಲ್ಕು ತಾಲೂಕಿನ ಕಮಟು ಬೆಣ್ಣೆಯೆಲ್ಲ ಮರುದಿನ ನನ್ನ ಬಾಗಿಲಿಗೆ ಬಂದು, ಆ ವಾರದೊಳಗೆ ಅಂಗಡಿಗೆ ಬೀಗ ಬೀಳುತ್ತಿತ್ತು. ಹಾಗಾಗಿ ಯಾರಿಗೂ ಹೇಳಬಾರದೆಂದು ನಿಶ್ಚಯಿಸಿದೆ. ಮುಂದೆ ಆದದ್ದೆಲ್ಲ ಆ ನಿಶ್ಚಯದ ಫಲ.

ಉಪ್ಪು

ಜ್ವರ ಬಿಟ್ಟ ದಿನ ಹೆಂಡತಿ ಬಿಸಿ ಜೋಳದ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ, ಶೇಂಗಾ ಚಟ್ನಿ ಬಡಿಸಿದಳು. ಬಾಯಿಗಿಟ್ಟರೆ ರಟ್ಟು ಅಗಿದ ಹಾಗಿತ್ತು.

"ಉಪ್ಪ ಹಾಕೀಯೋ ಇಲ್ಲೋ?"

"ಹಾಕೀನ್ರಿ."

"ಎಲ್ಲಿ ಹಾಕೀದಿ? ಬಾಜೂ ಮನಿ ಪಲ್ಯೇದಾಗ?"

ಅವಳು ಉಪ್ಪಿನ ಬಟ್ಟಲನ್ನು ತಾಟಿನ ಪಕ್ಕ ಕುಕ್ಕಿದಳು. ಒಂದು ಚಮಚ ಹಾಕಿಕೊಂಡೆ. ಇಲ್ಲ. ಕೆಂಪು ಖಾರ ಎರಡು ಚಮಚ ಹಾಕಿಕೊಂಡೆ. ಕಣ್ಣಲ್ಲಿ ನೀರು ಬಂತು, ಮೂಗಲ್ಲಿ ನೀರು ಬಂತು, ರುಚಿ ಮಾತ್ರ ಬರಲಿಲ್ಲ. ಮೂರು ದಿನ ಅಡುಗೆಯನ್ನು ಬೈದೆ, ಅಡುಗೆ ಮಾಡಿದವಳನ್ನು ಬೈದೆ, ಅವಳ ತವರುಮನೆಯನ್ನೂ ಒಂದು ಸುತ್ತು ಬೈದು ಬಂದೆ.

ನಾಲ್ಕನೇ ದಿನ ಅವಳು ಒಂದು ಡಬ್ಬಿಯ ಮುಚ್ಚಳ ತೆಗೆದು ನನ್ನ ಮೂಗಿಗೆ ಹಿಡಿದಳು. "ಕಣ್ಣ ಮುಚ್ಚರಿ. ಇದೇನ್ ಐತಿ ಹೇಳ್ರಿ."

"ಖಾಲಿ ಡಬ್ಬಿ."

"ಇಂಗು ಐತ್ರಿ, ಇಂಗು!"

ಈಗ ಅಳುತ್ತಾಳೆ, ಸಮಾಧಾನ ಮಾಡಬೇಕು ಎಂದುಕೊಂಡೆ. ಅವಳೆಂದಳು: "ಹಂಗಾರ ಮೂರು ದಿನ ಬೈದದ್ದೆಲ್ಲಾ ವಾಪಸ್ ತಗೋರಿ."

"ತಗೊಂಡೆ" ಎಂದೆ.

"ಅಂಗಡ್ಯಾಗ ನಾ ಬಂದ ಕುಂಡ್ರತೇನಿ. ನಾ ಮೂಸಿ ಹೇಳತೇನಿ, ನೀವು ದರಾ ಹೇಳ್ರಿ."

"ನಲವತ್ತ ವರ್ಷದ ಅಂಗಡಿ. ಹೆಂಡತೀನ ಮುಂದ ಕುಂಡ್ರಿಸಿ ಮೂಸಸಬೇಕೇನ? ಮಂದಿ ಏನಂದಾರು?" ಎಂದು ಹರಿಹಾಯ್ದೆ.

ಅಂದಿನಿಂದ ಮನೆಯಲ್ಲಿ ನಿನ್ನೆಯದು, ಮೊನ್ನೆಯದು ಏನು ಉಳಿದರೂ ನನ್ನ ತಾಟಿಗೇ ಬರತೊಡಗಿತು. ಯಾಕೆಂದು ಕೇಳಿದರೆ, "ನಿಮಗ್ ಹೆಂಗೂ ಗೊತ್ತಾಗಂಗಿಲ್ಲಲ್ರೀ?" ಎನ್ನುತ್ತಾಳೆ.

ನಾಲ್ಕು ಡಬ್ಬಿ

ಬೈಲಹೊಂಗಲದ ಡಾಕ್ಟರಿಗೆ ತೋರಿಸಿದರೆ ಸಂಜೆಯೊಳಗೆ ಕಾಂಪೌಂಡರನ ಬಾಯಿಂದ ಬಜಾರಿಗೆ ಬರುತ್ತದೆ. ಅದಕ್ಕೆ ಬಸ್ ಹತ್ತಿ ಕಿತ್ತೂರಿನ ಒಬ್ಬ ಡಾಕ್ಟರ ಹತ್ತಿರ ಹೋದೆ. ಅವರು ಬ್ಯಾಟರಿಯ ಬೆಳಕು ಬಿಟ್ಟು ಎರಡೂ ಹೊಳ್ಳೆ ನೋಡಿದರು.

"ಬರತೇತ್ರಿ" ಎಂದರು.

"ಯಾವಾಗರಿ?"

"ಬರೂವಾಗ ಬರತೇತ್ರಿ."

ಗಿರಾಕಿ ಬಂದು ತುಪ್ಪ ಯಾವಾಗ ಕೊಡುತ್ತೀರಿ ಎಂದಾಗ ನಾನು "ಕೊಡೂವಾಗ ಕೊಡತೇನಿ" ಎಂದರೆ ಅವನು ನನ್ನ ಅಂಗಿಯ ಕಾಲರು ಹಿಡಿಯುತ್ತಾನೆ. ನಾನು ಡಾಕ್ಟರಿಗೆ ಕೈಮುಗಿದು, ಫೀ ಕೊಟ್ಟು ಎದ್ದೆ.

ಒಂದು ಉಪಾಯವನ್ನಂತೂ ಅವರು ಹೇಳಿದ್ದರು. ನಾಲ್ಕು ಡಬ್ಬಿಯಲ್ಲಿ ಲವಂಗ, ನಿಂಬೆಹಣ್ಣು, ಗುಲಾಬಿ, ನೀಲಗಿರಿ ಎಣ್ಣೆ ಇಟ್ಟುಕೊಂಡು ದಿನಕ್ಕೆ ಎರಡು ಸಲ ಕಣ್ಣು ಮುಚ್ಚಿ ಒಂದೊಂದಾಗಿ ಮೂಸಬೇಕು. ಮೂಸುವಾಗ ಹಳೆಯ ವಾಸನೆಯನ್ನು ನೆನೆಯಬೇಕು. ನಾನು ಬೆಳಗಾಗೆದ್ದು ಮಾಳಿಗೆಯ ಮೇಲೆ ಚಾಪೆ ಹಾಸಿ ಕೂತು ಶುರು ಮಾಡಿದೆ. ಹಳೆಯ ವಾಸನೆ ನೆನಪಾಗುವ ಬದಲು ಆ ಡಾಕ್ಟರ ಮುಖವೇ ನೆನಪಾಗಿ ಸಿಟ್ಟು ಏರುತ್ತಿತ್ತು.

ನಮ್ಮ ಆಚೆ ಮನೆಯಲ್ಲಿ ಒಬ್ಬ ಆಚಾರ್ಯರಿದ್ದಾರೆ. ಪಂಚಾಂಗ ಹೇಳುವ ಮನೆತನ, ಈಗ ಝೆರಾಕ್ಸ್ ಅಂಗಡಿ. ತಮ್ಮ ಮಾಳಿಗೆಯಿಂದ ಇಣುಕಿ ನೋಡಿದರು.

"ಸಾವ್ಕಾರ್ರ, ಏನಿದು? ಯಾವ ಗುರುಗಳ ಉಪದೇಶ ಅದ?"

ಖರೆ ಹೇಳುವಂತಿರಲಿಲ್ಲ. "ಧ್ಯಾನರೀ ಆಚಾರ್ರ. ಮನಸ್ಸ ಶಾಂತ ಆಗತೈತಿ" ಎಂದೆ.

"ಶಾಂತ? ನಿಮಗ?" ಎಂದವರು ಕೆಳಗಿಳಿದು ಹೋದರು.

ನನ್ನಂಥವನಿಗೇ ಶಾಂತಿ ಕೊಡುವ ಧ್ಯಾನ ಎಂದ ಮೇಲೆ ಅದರಲ್ಲಿ ಏನೋ ಇರಲೇಬೇಕು ಎಂದು ಅವರಿಗೆ ಅನಿಸಿರಬೇಕು. ಮುಂದಿನ ವಾರ ಅವರ ಮಾಳಿಗೆಯ ಮೇಲೆ ಮೂರು ಮಂದಿ ನಾಲ್ಕು ನಾಲ್ಕು ಡಬ್ಬಿ ಇಟ್ಟುಕೊಂಡು ಕಣ್ಣು ಮುಚ್ಚಿ ಕೂತಿದ್ದರು. ಒಬ್ಬರು ಅಲ್ಲಿಂದಲೇ ಕೂಗಿದರು: "ಗುರುಗಳ, ಮೊದಲ ಲವಂಗೋ ನಿಂಬಿಹಣ್ಣೋ?"

ಆಚಾರ್ಯರ ಹಳೆಯ ನೆಗಡಿ ಹದಿನೈದು ದಿನದಲ್ಲಿ ಹೋಯಿತಂತೆ. ನನಗೆ ಮೂಗು ಬರಲಿಲ್ಲ, ಶಿಷ್ಯರು ಬಂದರು.

ಸವದತ್ತಿಯವನ ಚಹಾ

ಈ ಧಂದೆಯಲ್ಲಿ ನನಗೊಬ್ಬ ಎದುರಾಳಿ ಇದ್ದಾನೆ, ಸವದತ್ತಿಯವನು. ನನಗಿಂತ ಐದು ವರ್ಷ ಸಣ್ಣವ. ಮೂವತ್ತು ವರ್ಷ ಒಬ್ಬರ ಗಿರಾಕಿಯನ್ನು ಒಬ್ಬರು ಎಳೆದುಕೊಂಡೇ ಬಾಳಿದ್ದೇವೆ. ನಾನು ಜ್ವರದಿಂದೆದ್ದು ತಿಂಗಳಾಗಿರಬಹುದು, ಒಂದು ಸಂತೆಯ ದಿನ ಅಂಗಡಿಯ ಮೆಟ್ಟಿಲು ಹತ್ತಿ ಬಂದ. ಎಂದೂ ಬಾರದವನು ಬಂದನೆಂದರೆ ಏನೋ ಇದೆ. ಮೂಗಿನ ಸುದ್ದಿ ಮುಟ್ಟಿರಬೇಕು, ಪರೀಕ್ಷೆ ಮಾಡಲು ಬಂದಿದ್ದಾನೆ.

"ಏನ್ ಈ ಕಡೆ ಸವಾರಿ?" ಎಂದೆ.

"ಹಿಂಗ, ಸುಮ್ನ ಬಂದ್ನಿರಿ. ನಿಮ್ಮ ಅಂಗಡಿ ವಾಸನಿ ಬಡದ್ರ ಸಾಕು, ಹಸಿವಿ ಆಗತೈತಿ ನೋಡ್ರಿ" ಎಂದು ಉದ್ದಕ್ಕೆ ಉಸಿರೆಳೆದ.

ನಾನೂ ಬಿಡಲಿಲ್ಲ. ಅವನಿಗಿಂತ ಉದ್ದ ಉಸಿರೆಳೆದು, "ಇವತ್ತ ಬಂದ ಬೆಣ್ಣಿ ಹಂಗದಾವ" ಎಂದೆ. ಗಾದಿಯ ಮೇಲೆ ಮಗ್ಗುಲಲ್ಲೇ ಕೂಡಿಸಿಕೊಂಡು ಚಹಾ ತರಿಸಿದೆ, ಖಾರಿ ಬಿಸ್ಕೀಟು ತರಿಸಿದೆ. ಅರ್ಧ ತಾಸು ಕೂತು ಆರಾಮಾಗಿ ತಿಂದು ಕುಡಿದು ಹೋದ.

ಆ ಹೊತ್ತಿಗೆ ಅಂಗಡಿಯಲ್ಲಿ ಬೆಣ್ಣೆ ತಂದ ಏಳೆಂಟು ಹೆಂಗಸರಿದ್ದರು, ಎಲ್ಲರೂ ಸೆರಗು ಮೂಗಿಗೆ ಹಿಡಿದು ನಿಂತಿದ್ದರು. ಊರಿನ ದೊಡ್ಡ ದೊಡ್ಡವರೇ ಮಾಸ್ಕ್ ಬಿಸಾಕಿರುವಾಗ ಈ ಹಳ್ಳಿಯ ಹೆಂಗಸರು ಎಷ್ಟು ಶಿಸ್ತು ಪಾಲಿಸುತ್ತಾರೆ ನೋಡು ಎಂದು ಮೆಚ್ಚಿಕೊಂಡೆ. ಬಾಯಿ ಬಿಟ್ಟು ಹೊಗಳಿಯೂ ಹೊಗಳಿದೆ: "ಶಾಣ್ಯಾರ ಅಂದ್ರ ನೀವು!"

ಅವರಲ್ಲೊಬ್ಬಳು ದೊಡವಾಡದ ಮುದುಕಿ, ಮೂವತ್ತು ವರ್ಷದಿಂದ ನನಗೇ ಬೆಣ್ಣೆ ಹಾಕುವವಳು. ಸೆರಗಿನ ಒಳಗಿಂದಲೇ ಹೇಳಿದಳು: "ನಮ್ಮ ಶಾಣ್ಯಾತನ ಇರ್ಲಿ. ನೀವು ಹೋಗಿ ಉಂಡ ಬರ್ರಿ ಸಾವ್ಕಾರ. ನಾವು ಅಂಗಡಿ ಕಾಯ್ತೇವಿ."

ಕಣ್ಣಿನ ಖದರು

ಇದನ್ನು ಹೇಳದೆ ಬಿಟ್ಟರೆ ಚೆನ್ನಾಗಿತ್ತು. ಆದರೂ ಹೇಳುತ್ತೇನೆ.

ಮೂಗಿಲ್ಲದೆ ಬೆಣ್ಣೆ ಕೊಳ್ಳುವುದು ಹೇಗೆ? ಅಲ್ಲಿಯತನಕ ಕಣ್ಣಂದಾಜಿನ ಮೇಲೆ ಹೇಗೋ ಕೊಂಡಿದ್ದೆ; ಆ ಸಂತೆಯ ಮರುದಿನದಿಂದ ಒಂದು ಯುಕ್ತಿ ಹೂಡಿದೆ. ಮೊದಲಿನಂತೆಯೇ ಕೈಗೆ ತಿಕ್ಕುವುದು, ಮೂಸುವುದು. ಆಮೇಲೆ ಏನೂ ಮಾತಾಡದೆ ಬೆಣ್ಣೆ ತಂದವಳ ಮುಖವನ್ನು ದಿಟ್ಟಿಸುವುದು. ತಪ್ಪಿದ್ದವಳು ತಾನಾಗಿ ಅಳುಕುತ್ತಾಳೆ ಎಂಬುದು ನನ್ನ ಎಣಿಕೆ.

ಎಣಿಕೆ ಎಷ್ಟು ಸರಿಹೋಯಿತೆಂದರೆ ನನಗೇ ಆಶ್ಚರ್ಯ. ನಾನು ದಿಟ್ಟಿಸಿದ್ದೇ ತಡ, ಸಂಗೊಳ್ಳಿಯವಳು ಬಾಯಿ ಬಿಟ್ಟಳು: "ಮ್ಯಾಲಿಂದ ತಾಜಾ ಐತ್ರಿ, ತಳದ್ದು ನಾಕ ದಿನದ್ದು. ಬ್ಯಾರೆ ಮಾಡಿ ಹಾಕ್ರಿ." ಇನ್ನೊಬ್ಬಳು, "ನಂದು ಸ್ವಲ್ಪ ಕಮಟೈತ್ರಿ, ಕಡಿಮಿ ದರಾ ಹಚ್ಚರಿ" ಎಂದಳು. ಮತ್ತೊಬ್ಬಳು ಡಬ್ಬಿಯ ಮುಚ್ಚಳ ತೆಗೆಯುವ ಮೊದಲೇ, "ಇವತ್ತಿಂದು ಬ್ಯಾಡ್ರಿ, ನಾಳೆ ತರತೇನಿ" ಎಂದು ಹೊರಳಿ ಹೋದಳು.

ನಲವತ್ತು ವರ್ಷ ಮೂಗಿದ್ದಾಗ ಒಬ್ಬಳೂ ಇಷ್ಟು ಖರೆ ಹೇಳಿರಲಿಲ್ಲ. ಪ್ರತಿ ಡಬ್ಬಿಗೂ ಜಗಳ, ಆಣೆ, ಪ್ರಮಾಣ. ನನಗೆ ಹೆಮ್ಮೆಯಾಯಿತು, ಅದಕ್ಕಿಂತ ಹೆಚ್ಚು ಸಿಟ್ಟು ಬಂತು. ಇಷ್ಟು ವರ್ಷ ಸುಳ್ಳು ಹೇಳಿದರಲ್ಲ! ಮನೆಗೆ ಹೋಗಿ ಹೆಂಡತಿಗೆ ಹೇಳಿದೆ: "ಮೂಗ ಬ್ಯಾಡ, ಮಣ್ಣ ಬ್ಯಾಡ. ಧಂದೆದಾಗ ಕಣ್ಣಿನ ಖದರ್ ಇರಬೇಕ ನೋಡು."

ಅವಳು ನನ್ನ ಕಣ್ಣನ್ನೇ ನೋಡಿ ಹೇಳಿದಳು: "ಆ ಕಣ್ಣಾಗ ಮೂವತ್ತೈದ ವರ್ಷ ನನ್ನೂ ನೋಡೀರಿ. ನಾ ಒಂದಿನಾನೂ ಅಂಜಿಲ್ಲಲ್ರೀ!"

ರಾಮದುರ್ಗದ ಪಂಕ್ತಿ

ದೊಡವಾಡದ ಆ ಮುದುಕಿಯ ಮೊಮ್ಮಗಳ ಮದುವೆ ರಾಮದುರ್ಗದಲ್ಲಿ ಆಯಿತು. ಬೀಗರು ಅಲ್ಲಿಯವರು. ಹೋಳಿಗೆ ಊಟ. ಬೀಗರು ತುಪ್ಪವನ್ನು ಸವದತ್ತಿಯವನ ಅಂಗಡಿಯಿಂದ ತರಿಸಿದ್ದಾರೆ ಎಂದು ಗೊತ್ತಾದಾಗಲೇ ನನ್ನ ಹೊಟ್ಟೆ ಉರಿದಿತ್ತು. ಆದರೆ ಹೋಗದೆ ಇದ್ದರೆ ಸಂಶಯ ಬರುತ್ತದೆ. ಹೋದೆ.

ನಮ್ಮ ಕಡೆ ತುಪ್ಪದ ವ್ಯಾಪಾರಿ ಮದುವೆಗೆ ಬಂದರೆ ಅವನು ಕೈಗೆ ತಿಕ್ಕಿ, ಮೂಸಿ, "ಆಗ್ಲಿ" ಎಂದ ಮೇಲೆಯೇ ಪಂಕ್ತಿಗೆ ತುಪ್ಪ ಹೊರಡುವುದು. ಅಲ್ಲಿ ನಾವಿಬ್ಬರಿದ್ದೆವು. ಹೊರಗೆ ಇನ್ನೂರು ಮಂದಿ ಎಲೆಯ ಮುಂದೆ ಕೂತಿದ್ದರು. ಅಡುಗೆಯವ ಒಂದು ಡಬ್ಬಿಯ ಬಾಯಿ ತೆರೆದು, "ನೋಡ್ರಿ ಸಾವ್ಕಾರ್ರ, ಲಗೂ" ಎಂದ.

ಸವದತ್ತಿಯವನು ಕೈಗೆ ತಿಕ್ಕಿ ಮೂಸಿದ. ನಾನೂ ಮೂಸಿದೆ. ಏನೂ ಇಲ್ಲ. ರೂಢಿಯಂತೆ ಕಣ್ಣಿನ ಖದರು ತೋರಿಸೋಣವೆಂದು ಅವನ ಮುಖ ದಿಟ್ಟಿಸಿದೆ. ಅವನು ನನ್ನ ಮುಖ ದಿಟ್ಟಿಸುತ್ತಿದ್ದ. ಹಾಗೇ ಇಬ್ಬರೂ ಕಣ್ಣು ಮಿಟುಕಿಸದೆ ನಿಂತೆವು. ಹೊರಗಿಂದ ಯಾರೋ "ತುಪ್ಪಾ!" ಎಂದು ಒದರಿದರು.

"ಚಲೋ ಐತಿ" ಎಂದೆ, ಹೇಗೂ ಅವನದೇ ತುಪ್ಪ, ಕೆಟ್ಟರೆ ಅವನ ಹೆಸರು ಕೆಡುತ್ತದೆ ಎಂದು.

"ಚಲೋ ಏನ್ರಿ, ಭಾರೀ ಐತಿ" ಎಂದ ಅವನು.

"ಘಮಾ ಘಮಾ ಅನ್ನಾಕ ಹತ್ತೇತಿ" ಎಂದೆ.

"ಇಂಥಾ ತುಪ್ಪಾ ನಾನ ಜಲ್ಮದಾಗ ಮೂಸಿಲ್ರಿ!" ಎಂದ. ಅದು ಖರೆ ಇತ್ತು.

ಅಷ್ಟರಲ್ಲಿ ಮುದುಕಿ ಒಳಗೆ ಬಂದಳು. ಬಾಗಿಲಲ್ಲೇ ನಿಂತು ಮೂಗು ಅರಳಿಸಿದಳು. "ಏ ಯಪ್ಪಾ, ನಿಂದ್ರೋ! ಅದು ದೀಪಕ್ಕ ತರಿಸಿದ ಡಬ್ಬಿ!"

ದೀಪ ಹಚ್ಚಲು ತರಿಸುವ ಅಗ್ಗದ ತುಪ್ಪ. ಬಾಯಿಗಿಟ್ಟು ನೋಡಬೇಕಿಲ್ಲ, ಹತ್ತಿರ ನಿಂತರೇ ನಾತದಿಂದ ಗೊತ್ತಾಗುವಂಥದು. ಮದುವೆ ಮನೆಯೆಂದು ಎಲ್ಲ ಡಬ್ಬಿಗೂ ಕುಂಕುಮ ಹಚ್ಚಿದ್ದರಿಂದ ಅಡುಗೆಯವನ ಕೈಗೆ ಅದಲು ಬದಲಾಗಿ ಸಿಕ್ಕಿತ್ತು.

ನಾನು ಸವದತ್ತಿಯವನ ಮೇಲೆ ಎಗರಿದೆ. "ನಿನ್ನ ಅಂಗಡಿ ಮಾಲು ನಿನಗ ಗೊತ್ತಾಗಲಿಲ್ಲೇನೋ? ನಿನ್ನ ಮೂಗು ಯಾವಾಗ ಹೋತು?"

"ನಿಮ್ಮದ್ ಯಾವಾಗ ಹೋತು ಹೇಳ್ರಿ ಮೊದಲ!"

"ಇಬ್ಬರದೂ ಹೋಗಿ ಭಾಳ ದಿನ ಆತು" ಎಂದಳು ಮುದುಕಿ. "ಯಾಕ್ ಒದರತೀರಿ? ಮಂದಿ ಕೇಳ್ತಾರ."

"ನಿನಗ್ ಯಾರ್ ಹೇಳಿದ್ರು?" ಎಂದೆ. ಹೆಂಡತಿಯ ಮೇಲೆ ಸಂಶಯ ಬಂತು.

"ಯಾರ್ ಹೇಳಬೇಕ್ರಿ? ಆವತ್ತ ಸಂತಿ ದಿನಾ ನಿಮ್ಮ ಗಾದಿ ಕೆಳಗ ಇಲಿ ಸತ್ತು ಮೂರು ದಿನ ಆಗಿತ್ತು. ನಾವು ಮೂಗಿಗೆ ಸೆರಗ ಹಿಡದು ಜೀವಾ ಬಿಡಾಕ ಹತ್ತಿದ್ವಿ. ನೀವಿಬ್ರೂ ಅದರ ಮ್ಯಾಲ ಕುಂತು ಚಹಾ ಕುಡದ್ರಿ, ಬಿಸ್ಕೀಟ್ ತಿಂದ್ರಿ, ವಾಸನಿ ಭಾಳ ಚಲೋ ಐತಿ ಅಂದ್ರಿ. ನಿಮ್ಮನ್ನ ಉಣ್ಣಾಕ ಕಳಿಸಿ ನಾನ ತಗದು ಒಗದೆ."

ಸವದತ್ತಿಯವನು ಬಾಯಿಗೆ ಕೈ ಅಡ್ಡ ಹಿಡಿದ. ನನಗೆ ಇನ್ನೊಂದು ಹೊಳೆಯಿತು. "ಹಂಗಾರ ಎಲ್ಲಾರೂ ಖರೆ ಹೇಳಾಕ ಹತ್ತಿದ್ದು?"

"ಆವತ್ತ ಬಸ್ಸಿನ್ಯಾಗ ಕುಂತು ಮಾತಾಡಿದ್ವಿರಿ. ಮೂಗ ಇರೂತನಕಾ ಆಟಾ ಬ್ಯಾರೆ. ಈಗ ಪಾಪ, ಕುರುಡ ಮನಷ್ಯಾನ ಕೂಡ ಕಣ್ಣಾಮುಚ್ಚಾಲಿ ಆಡಬಾರದು, ನಮ್ಮ ನಮ್ಮ ಬೆಣ್ಣಿ ನಾವ ಹೇಳಿ ಬಿಡೋಣು ಅಂತ."

ಕಣ್ಣಿನ ಖದರು! ನಾಲ್ಕು ತಾಲೂಕಿನ ಹೆಂಗಸರು ನನ್ನನ್ನು ಪಾಪ ಎಂದಿದ್ದಾರೆ! ನನ್ನ ಸಿಟ್ಟು ನೆತ್ತಿಗೇರಿತು. "ಅವತ್ತ ನನ್ನ ಮುಂದ ಹೇಳಾಕ ಏನಾಗಿತ್ತ ನಿಮಗ?"

"ಹೇಳಿದ್ರ ನಾಚಿ ಅಂಗಡಿ ಮುಚ್ಚತಿದ್ರಿ. ಆಮ್ಯಾಲ ನಾವು ಬೆಣ್ಣಿ ಹೊತ್ಕೊಂಡ ಎಲ್ಲಿ ಹೋಗಬೇಕಿತ್ತ್ರಿ? ಸವದತ್ತಿಗೆ ಹೋದ್ರ ಅಲ್ಲೂ ಮೂಗಿಲ್ಲ!"

ಅಡುಗೆ ಮನೆಯ ಹೆಂಗಸರೆಲ್ಲ ಲಟ್ಟಣಿಗೆ ಕೆಳಗಿಟ್ಟು ನಕ್ಕರು. ಮುದುಕಿ ಸರಿಯಾದ ಡಬ್ಬಿಯನ್ನು ತಾನೇ ಮೂಸಿ, "ಆಗ್ಲಿ" ಎಂದಳು. ತುಪ್ಪ ಹೊರಟಿತು. ನಮ್ಮಿಬ್ಬರನ್ನೂ ಒಂದೇ ಸಾಲಿನಲ್ಲಿ, ಪಕ್ಕಪಕ್ಕದ ಎಲೆಗೆ ಕೂಡಿಸಿದರು. ಮೂವತ್ತು ವರ್ಷದಲ್ಲಿ ಮೊದಲ ಸಲ. ಹೋಳಿಗೆ ಬಂತು, ಅದರ ಮೇಲೆ ತುಪ್ಪ ಬಿತ್ತು. ಇಬ್ಬರೂ ರಟ್ಟು ಅಗಿಯುವಂತೆ ಅಗಿಯುತ್ತಿದ್ದೆವು.

ಬಡಿಸುವವ ಮರ್ಯಾದೆಯಿಂದ ಬಗ್ಗಿ ಕೇಳಿದ: "ಸಾವ್ಕಾರ್ರ, ತುಪ್ಪಾ ಹೆಂಗೈತ್ರಿ?"

ನಾವಿಬ್ಬರೂ ಒಟ್ಟಿಗೇ ಒದರಿದೆವು: "ಆ ಮುದುಕೀನ್ ಕೇಳಲೇ!"