ಗೋಲ್ ಕಾಯುವ ಮಗಳು, ಬಾಗಿಲು ಕಾಯುವ ಅಪ್ಪ

ಮಗಳನ್ನು ಭರತನಾಟ್ಯದ ಕ್ಲಾಸಿಗೆ ಬಿಟ್ಟು ಬರುವ ಅಪ್ಪಂದಿರಿಗೆ ಇಂಥದ್ದೆಲ್ಲ ಆಗುವುದಿಲ್ಲ. ಲಂಡನ್ನಿನ ಹ್ಯಾರೋದಲ್ಲಿರುವ ನಮ್ಮ ಕನ್ನಡದವರ ಮನೆಗಳಲ್ಲಿ ವಿಚಾರಿಸಿ ನೋಡಿದ್ದೇನೆ, ಅವರ ಶನಿವಾರಗಳು ತಣ್ಣಗೆ ಕಳೆಯುತ್ತವೆ. ನನ್ನ ಮಗಳು ಐಸ್ ಹಾಕಿ ಆಡುತ್ತಾಳೆ. ಹಾಗಾಗಿ ನನಗೆ ಶನಿವಾರಕ್ಕೊಂದು ಏನಾದರೂ ಆಗಿಯೇ ತೀರುತ್ತದೆ.

ಶುರುವಾದದ್ದು ಅವಳ ಸ್ಕೂಲಿನ ಗೆಳತಿಯ ಬರ್ತ್‌ಡೇ ಪಾರ್ಟಿಯಿಂದ. ಪಾರ್ಟಿ ಇಟ್ಟುಕೊಂಡಿದ್ದು ಐಸ್ ರಿಂಕಿನಲ್ಲಿ. ಉಳಿದ ಮಕ್ಕಳು ಕೇಕ್ ತಿಂದು ಮನೆಗೆ ಹೋದರು, ನಮ್ಮವಳು ಹಾಕಿ ಕ್ಲಬ್ ಸೇರಿಕೊಂಡು ಬಂದಳು. ಅಲ್ಲಿಯೂ ಓಡಾಡಿ ಗೋಲ್ ಹೊಡೆಯುವುದು ಬಿಟ್ಟು ಗೋಲ್‌ಕೀಪರ್ ಆದಳು. ಯಾಕಮ್ಮ ಅಂದರೆ, "ಅವರಿಗೇ ಅಪ್ಪಾ, ದೊಡ್ಡ ದೊಡ್ಡ ಪ್ಯಾಡ್ ಕೊಡೋದು!" ಅಂದಳು. ಅಂದದ್ದು ಇಂಗ್ಲಿಷಿನಲ್ಲಿ. ಅವಳಿಗೆ ಕನ್ನಡ ಪೂರ್ತಿ ಅರ್ಥವಾಗುತ್ತದೆ, ಬಾಯಿಂದ ಮಾತ್ರ ಬರುವುದಿಲ್ಲ. ಇಲ್ಲಿ ಅವಳ ಮಾತನ್ನೆಲ್ಲ ಕನ್ನಡ ಮಾಡಿದವನು ನಾನು.

ಈ ಆಟ ಗೊತ್ತಿಲ್ಲದವರಿಗೆ ಹೇಳಿಬಿಡುತ್ತೇನೆ. ಚೆಂಡಿನ ಬದಲು ಪಕ್ ಅನ್ನುವ ಕಪ್ಪು ರಬ್ಬರ್ ಬಿಲ್ಲೆ, ನೆಲದ ಬದಲು ಮಂಜುಗಡ್ಡೆ, ಶೂ ಬದಲು ಸ್ಕೇಟ್ಸ್. ಉಳಿದದ್ದು ನನಗೂ ಗೊತ್ತಿಲ್ಲ.

ಈ ಸಲದ ಜೂನಿಯರ್ ಲೀಗಿನಲ್ಲಿ ನಮ್ಮ ತಂಡ ಶುರುವಿನಿಂದಲೇ ಸೋಲುತ್ತಾ ಬಂತು. ಒಂದಾದರೂ ಗೆಲ್ಲಬೇಕು ಅನ್ನುವುದೇ ಸೀಸನ್ನಿನ ಗುರಿಯಾಗಿ ಉಳಿಯಿತು.

ಬಾಗಿಲು

ಮೊದಲ ಪಂದ್ಯದ ದಿನ ಕಾಫಿ ಹಿಡಿದು ಒಂದು ಮೂಲೆಯಲ್ಲಿ ನಿಂತಿದ್ದೆ. ತಂಡದ ಮ್ಯಾನೇಜರ್ ಹೆಂಗಸು ನೇರ ನನ್ನ ಹತ್ತಿರ ಬಂದು ಕೇಳಿದಳು: "ನಿಮಗೆ ಬಾಗಿಲು ತೆಗೆದು ಹಾಕೋಕೆ ಬರುತ್ತಾ?"

ನಾನು ಅಕ್ಸ್‌ಬ್ರಿಡ್ಜ್‌ನ ಒಂದು ಕಂಪನಿಯಲ್ಲಿ ಸಾಫ್ಟ್‌ವೇರ್ ವಿಭಾಗ ನೋಡಿಕೊಳ್ಳುವವನು. ಬರುತ್ತೆ ಅಂದೆ. ಇಂಟರ್‌ವ್ಯೂ ಅಷ್ಟಕ್ಕೇ ಮುಗಿಯಿತು. ತಪ್ಪು ಮಾಡಿದ ಆಟಗಾರರನ್ನು ಎರಡು ನಿಮಿಷ ಕೂಡಿಹಾಕುವ ಪೆನಾಲ್ಟಿ ಬಾಕ್ಸ್ ಅಂತ ಒಂದು ಗೂಡಿರುತ್ತದೆ. ಅದರ ಬಾಗಿಲು ನನ್ನದಾಯಿತು.

ಮೊದಲು ಒಳಗೆ ಬಂದವನು ನಮ್ಮ ತಂಡದ ದಪ್ಪ ಕೆನ್ನೆಯ ಹುಡುಗ. ಕೂತವನೇ ಗೊಳೋ ಎಂದು ಅತ್ತ. ನನಗೆ ಏನು ಮಾಡಬೇಕೋ ತೋಚಲಿಲ್ಲ. ಕೋಟಿನ ಜೇಬಿನಲ್ಲಿ ಈಲಿಂಗ್ ರೋಡಿನ ಅಂಗಡಿಯ ಚಕ್ಕುಲಿ ಪೊಟ್ಟಣ ಇತ್ತು. ಒಂದು ಚೂರು ಮುರಿದು ಹೆಲ್ಮೆಟ್ಟಿನ ಜಾಲರಿಯ ಅಡಿಯಿಂದ ತೂರಿಸಿದೆ. ಅಳು ನಿಂತಿತು. ಕರುಂ ಕರುಂ ಶಬ್ದ ಬಂತು.

ಐದು ನಿಮಿಷ ಆಗಿಲ್ಲ, ಅವನು ಮತ್ತೆ ಬಂದ. ಅವನ ಹಿಂದೆ ಇನ್ನೊಬ್ಬ ಬಂದ. ಜೀವಮಾನದಲ್ಲಿ ಯಾರನ್ನೂ ತಳ್ಳಿರದ ಒಬ್ಬ ಹುಡುಗಿ ಎದುರಾಳಿಯ ಕಾಲಿಗೆ ಸ್ಟಿಕ್ ಕೊಟ್ಟು, ಬೀಳಿಸಿ, ರೆಫರಿ ವಿಷಲ್ ಊದುವ ಮೊದಲೇ ನನ್ನ ಬಾಗಿಲ ಕಡೆ ಹೊರಟಿದ್ದಳು. ನಮ್ಮ ಕೋಚ್ ತಲೆ ಮೇಲೆ ಕೈ ಹೊತ್ತು, "ಈ ವರ್ಷ ನಮ್ಮ ಮಕ್ಕಳಿಗೆ ಏನಾಗಿದೆ? ಇಷ್ಟು ಒರಟರಲ್ಲವಲ್ಲ!" ಎಂದು ಅರಚುತ್ತಿದ್ದ.

ಕೊನೆಗೆ ರೆಫರಿಯೇ ಜಾರಿಕೊಂಡು ಬಂದು ನನ್ನ ಮುಂದೆ ನಿಂತ. "ಸಾರ್, ಇದು ಶಿಕ್ಷೆಯ ಜಾಗ. ಇಲ್ಲಿ ತಿಂಡಿ ಕೊಡುವಂತಿಲ್ಲ" ಎಂದು ಪೊಟ್ಟಣವನ್ನೇ ಕಿತ್ತುಕೊಂಡು ಹೋದ. ಇಡೀ ವಾರ ನನಗೆ ಅವಮಾನ.

ಮುಂದಿನ ಪಂದ್ಯಕ್ಕೂ ಅವನೇ ರೆಫರಿ. ಆಟ ಶುರುವಾಗುವ ಮೊದಲು ನನ್ನ ಹತ್ತಿರ ಬಂದು, ಆಚೀಚೆ ನೋಡಿ, ಮೆಲ್ಲಗೆ ಕೇಳಿದ: "ಇವತ್ತು ಯಾವುದು? ಖಾರದ್ದೋ, ಬೆಣ್ಣೆಯದ್ದೋ?"

ಬ್ಯಾಗು

ಗೋಲ್‌ಕೀಪರ್ ಸಾಮಾನಿನ ವಾಸನೆಯನ್ನು ಬರೆದು ತಿಳಿಸಲಾಗದು. ಪ್ಯಾಡುಗಳನ್ನು ಒಗೆಯುವ ಹಾಗಿಲ್ಲ, ಒಣಗಿಸೋಣವೆಂದರೆ ಈ ಊರಿನಲ್ಲಿ ಬಿಸಿಲಿಲ್ಲ. ಕಾರಿನಲ್ಲಿ ನಾವು ಚಳಿಗಾಲದಲ್ಲೂ ಕಿಟಕಿ ಇಳಿಸಿಕೊಂಡೇ ಹೋಗುತ್ತೇವೆ.

ಒಂದು ಶನಿವಾರ ಕಾರು ಗ್ಯಾರೇಜಿನಲ್ಲಿತ್ತು. ವಿಧಿಯಿಲ್ಲದೆ ಮಗಳೂ ನಾನೂ ಆ ಬ್ಯಾಗನ್ನು ಎಳೆದುಕೊಂಡು ಮೆಟ್ರೋಪಾಲಿಟನ್ ಲೈನ್ ರೈಲು ಹತ್ತಿದೆವು. ಬ್ಯಾಗು ಅಂದರೆ ಒಬ್ಬ ಮನುಷ್ಯ ಆರಾಮಾಗಿ ಮಲಗಬಹುದು, ಅಷ್ಟುದ್ದ. ನಮ್ಮೆದುರು ಕೂತ ಮುದುಕಿ ಮೂಗಿಗೆ ಕರ್ಚೀಫ್ ಹಿಡಿದು ಪಕ್ಕದ ಬೋಗಿಗೆ ನಡೆದಳು. ನಾಯಿ ಕಟ್ಟಿಕೊಂಡು ಬಂದಿದ್ದವನೊಬ್ಬ ನಾಯಿಗೆ ಬೈದ. ನಾಯಿ ನಮ್ಮ ಕಡೆ ನೋಡಿತು, ಅದಕ್ಕೆ ಎಲ್ಲ ಗೊತ್ತಿತ್ತು.

ವೆಂಬ್ಲಿಯಲ್ಲಿ ಅವತ್ತು ಫುಟ್‌ಬಾಲ್ ಮ್ಯಾಚು. ದಾರಿಯಲ್ಲಿ ಒಂದು ಗುಂಪು ಹಾಡುತ್ತಾ ನಮ್ಮ ಬೋಗಿಗೆ ನುಗ್ಗಿತು. ಹಾಡು ಎರಡನೇ ಸಾಲಿಗೆ ನಿಂತುಹೋಯಿತು. ಅವರಲ್ಲಿ ಭಾರಿ ಗಾತ್ರದವನೊಬ್ಬ ಬ್ಯಾಗನ್ನು ನೋಡಿದ, ನನ್ನನ್ನು ನೋಡಿದ, ಟೋಪಿ ತೆಗೆದು ತಗ್ಗಿದ ದನಿಯಲ್ಲಿ ಕೇಳಿದ: "ಇದರೊಳಗೆ ಯಾರು ಗುರೂ?"

ನಾನು ಬಾಯಿ ತೆರೆಯುವ ಮೊದಲೇ ಮಗಳು ಗಂಭೀರವಾಗಿ ಹೇಳಿದಳು: "ಹಳೇ ಗೋಲ್‌ಕೀಪರ್."

ಉತ್ತಮ ಆಟಗಾರ್ತಿ

ಡಿಸೆಂಬರಿನಲ್ಲಿ ಧಾರವಾಡದಿಂದ ನಮ್ಮ ಅತ್ತೆ ಬಂದರು. ಹೆಂಡತಿಗೆ ಆಸ್ಪತ್ರೆಯಲ್ಲಿ ಡ್ಯೂಟಿ ಇದ್ದದ್ದರಿಂದ ಅವರನ್ನೂ ರಿಂಕಿಗೆ ಕರೆದುಕೊಂಡು ಹೋದೆ. ಎರಡು ಶಾಲು, ಒಂದು ಮಂಕಿ ಕ್ಯಾಪು, ಮೇಲೆ ನನ್ನ ಕೋಟು ಹಾಕಿಕೊಂಡು ನನ್ನ ಗೂಡಿನ ಹಿಂದಿನ ಸೀಟಿನಲ್ಲಿ ಕೂತರು. ಆಟ ಶುರುವಾಗಿ ಸ್ವಲ್ಪ ಹೊತ್ತಿಗೆ ಅವರಿಗೆ ಅನುಮಾನ ಬಂತು.

"ಅಲ್ರೀ, ನಮ್ಮ ಹುಡಿಗಿನ್ನ ಒಬ್ಬಾಕಿನ್ನ ಯಾಕ ಅಲ್ಲಿ ನಿಂದ್ರಿಸ್ಯಾರ? ಏನ್ ತಪ್ಪ ಮಾಡ್ಯಾಳಾಕಿ?"

"ತಪ್ಪೇನಿಲ್ಲ ಅತ್ತೆ. ಅವಳು ಗೋಲ್ ಕಾಯ್ತಾ ಇದ್ದಾಳೆ."

"ಮತ್ತ ಅವರೆಲ್ಲಾ ಕೂಡಿ ಆಕಿ ಮ್ಯಾಲೇ ಬರಾಕತ್ತಾರಲ್ರೀ!"

"ಅದೇ ಆಟ."

"ಇದೆಂಥಾ ಆಟಾ ಸುಡ್ಲಿ!" ಎಂದವರೇ ಎದ್ದು ನಿಂತು, ಎರಡೂ ಕೈ ಬಾಯಿಗಿಟ್ಟುಕೊಂಡು ಕೂಗಿದರು: "ಬಿಡಬ್ಯಾಡವಾ! ಒಬ್ಬನ್ನೂ ಬಿಡಬ್ಯಾಡ! ಬಿಡಬ್ಯಾಡ!"

ಆ ದನಿಗೆ ರಿಂಕಿನ ತಗಡಿನ ಚಾವಣಿ ಅದುರಿತು. ಮಗಳು ಬೆಚ್ಚಿ ಅಡ್ಡ ಬಿದ್ದಳು, ಪಕ್ ಅವಳ ಪ್ಯಾಡಿಗೇ ತಗುಲಿ ಹಿಂದೆ ಹೋಯಿತು. ಈ ಕೂಗಿನಿಂದ ಒಳ್ಳೆಯದಾಗುತ್ತದೆ ಎಂದು ನಮ್ಮ ತಂಡದ ತಂದೆತಾಯಂದಿರಿಗೆ ಖಾತ್ರಿಯಾಯಿತು. ಅರ್ಥ ಯಾರೂ ಕೇಳಲಿಲ್ಲ. ಎರಡನೇ ಅವಧಿಗೆ ಇಡೀ ಸ್ಟ್ಯಾಂಡು ಕಾಲು ಬಡಿಯುತ್ತಾ "ಬಿಡಾ! ಬ್ಯಾಡಾ! ಬಿಡಾ! ಬ್ಯಾಡಾ!" ಅನ್ನತೊಡಗಿತು.

ಸೋತೆವು, ಅದರಲ್ಲೇನೂ ಬದಲಾವಣೆಯಿಲ್ಲ. ಆದರೆ ಪಂದ್ಯ ಮುಗಿದಾಗ ಎದುರಾಳಿ ಕೋಚ್ ನಮ್ಮ ಕಡೆಯಿಂದ ಒಬ್ಬರನ್ನು ಉತ್ತಮ ಆಟಗಾರರಾಗಿ ಆರಿಸುವ ಪದ್ಧತಿ ಇದೆ. ಮೈಕಿನಲ್ಲಿ ಘೋಷಣೆ ಮೊಳಗಿತು: "ಇವತ್ತಿನ ಉತ್ತಮ ಆಟಗಾರ್ತಿ, ಗೋಲ್‌ಕೀಪರ್, ಮಿಸ್ ಬಿಡಾ ಬ್ಯಾಡಾ!"

ಎಲ್ಲರೂ ಚಪ್ಪಾಳೆ ತಟ್ಟಿದರು. ಅತ್ತೆ ಮಾತ್ರ ಮುಖ ಸಣ್ಣದು ಮಾಡಿಕೊಂಡು ನನ್ನ ಕಿವಿಯಲ್ಲಿ ಹೇಳಿದರು: "ನೋಡ್ರಿ, ಅಷ್ಟ ಕಷ್ಟಪಟ್ಟಾಕಿ ನಮ್ಮ ಹುಡಿಗಿ, ಬಹುಮಾನ ಯಾರದೋ ಪಾಲಾತು. ಯಾರ್ರೀ ಆಕಿ, ಬಿಡಾ?"

ಅಂಕಲ್

ಫೆಬ್ರವರಿಯಲ್ಲಿ ಒಂದು ಪಂದ್ಯ ತೀರ ಕೆಟ್ಟದಾಗಿ ಹೋಯಿತು. ಗೋಲುಗಳನ್ನು ಎಣಿಸುವುದನ್ನು ನಾನು ನಡುವೆಯೇ ಬಿಟ್ಟೆ. ನಮ್ಮದೇ ತಂಡದ ಒಬ್ಬ ಹುಡುಗನ ಅಪ್ಪ ಗಾಜಿನ ಹತ್ತಿರ ನಿಂತು, "ಮೊದಲು ಗೋಲ್‌ಕೀಪರ್‌ನ ಬದಲಾಯಿಸಿ!" ಎಂದು ಕೂಗಿದ. ಅದು ಮಗಳಿಗೆ ಕೇಳಿಸಿತು. ಹೆಲ್ಮೆಟ್ಟಿನೊಳಗೆ ಅವಳ ಮುಖ ಕಾಣುತ್ತಿರಲಿಲ್ಲ, ಭುಜ ಕುಸಿದದ್ದು ಮಾತ್ರ ನನ್ನ ಗೂಡಿನಿಂದ ಕಂಡಿತು.

ಕಾರಿನಲ್ಲಿ ಅವಳು ಒಂದೇ ಮಾತು ಆಡಿದ್ದು: "ನಾನು ಬಿಟ್ಟುಬಿಡ್ತೀನಿ ಅಪ್ಪಾ."

ನನ್ನ ಹೆಂಡತಿ ಅರಿವಳಿಕೆ ಕೊಡುವ ಡಾಕ್ಟರ್. ಅವತ್ತು ಡ್ಯೂಟಿ ಮುಗಿಸಿ ಬಂದವಳು ಕೋಟನ್ನೂ ಬಿಚ್ಚದೆ ಮಗಳ ಪಕ್ಕ ಸೋಫಾದಲ್ಲಿ ಕೂತಳು.

"ನೋಡವಾ, ಆಪರೇಷನ್ ಛಲೋ ಆದ್ರ ಎಲ್ಲಾರೂ ಸರ್ಜನ್‌ಗೆ ಥ್ಯಾಂಕ್ಸ್ ಹೇಳ್ತಾರ. ನನ್ನ ಮಾರಿ ಯಾರಿಗೂ ನೆನಪಿರೂದಿಲ್ಲ. ಏನರ ಹೆಚ್ಚುಕಡಿಮಿ ಆದ್ರ ಮೊದಲ ನನ್ನ ಹುಡುಕ್ತಾರ. ನಿನ್ನ ಕೆಲಸಾನೂ ಹಂಗ."

ಮಗಳು ಯೋಚಿಸಿದಳು. "ಆದ್ರೆ ಅಮ್ಮಾ, ನಿನ್ನ ಜನ ನಿದ್ದೆ ಮಾಡ್ತಿರ್ತಾರೆ. ನನ್ನ ಜನ ಹಿಂದೆ ನಿಂತು ಕೂಗ್ತಿರ್ತಾರೆ."

ಡಾಕ್ಟರ್ ಎದ್ದು ಕೋಟು ಬಿಚ್ಚಿ ಸಾರು ಬಿಸಿಗಿಟ್ಟಳು. ಎಲ್ಲರೂ ಉಂಡು ಮಲಗಿದೆವು.

ಮರುದಿನ ಭಾನುವಾರ. ಮುಂಜಾನೆ ಯಾರೋ ನನ್ನ ಕಾಲು ಅಲುಗಿಸಿದರು. ನೋಡಿದರೆ ಮಗಳು, ಜಾಕೆಟ್ ಹಾಕಿಕೊಂಡು ಪ್ರಾಕ್ಟೀಸಿಗೆ ತಯಾರಾಗಿ ನಿಂತಿದ್ದಾಳೆ.

"ಬಿಟ್ಟುಬಿಡ್ತೀನಿ ಅಂದೆಯಲ್ಲಮ್ಮ?"

"ಈಗ ಬಿಟ್ರೆ ಆ ಅಂಕಲ್ ಗೆದ್ದ ಹಾಗಾಗುತ್ತೆ. ಈ ಸೀಸನ್ನಿನಲ್ಲಿ ಎಲ್ಲರೂ ನಮ್ಮ ಮೇಲೆ ಗೆದ್ದಿದ್ದಾರೆ ಅಪ್ಪಾ. ಅವರೊಬ್ಬರಾದ್ರೂ ಬೇಡ."

ಸ್ವೆಟರ್

ಕೊನೆಯ ಪಂದ್ಯ ನಮ್ಮ ರಿಂಕಿನಲ್ಲೇ ಇತ್ತು. ಎದುರಾಳಿಗಳು ಲೀಗಿನಲ್ಲಿ ಮೇಲಿನ ತಂಡ. ಅವರ ಕೋಚ್ ಉರುಟುರುಟಾದ ಹೊಟ್ಟೆಯ, ಕೆಂಪು ಮೀಸೆಯ ಮನುಷ್ಯ. ಅವನ ದನಿ ಕೇಳಿದರೇ ನಮ್ಮ ಮಕ್ಕಳು ಅರ್ಧ ಸೋಲುತ್ತಿದ್ದರು.

ಹೊರಡುವಾಗ ಅತ್ತೆ ತಾವು ಹೆಣೆದಿದ್ದ ಕೆಂಪು ಉಣ್ಣೆಯ ಸ್ವೆಟರ್ ತಂದು ಮಗಳ ಮುಂದೆ ಹಿಡಿದರು. ಎದೆಯ ಪ್ಯಾಡಿನ ಮೇಲೆ, ಜೆರ್ಸಿಯ ಒಳಗೆ ಹಾಕಿಕೊಳ್ಳಲೆಂದೇ ಸಡಿಲವಾಗಿ ಹೆಣೆದದ್ದು. ಮಗಳು ಬೇಡವೆಂದು ಗೋಗರೆದಳು.

"ಹಾಕ್ಕೊಂಡ್ರ ಆಡಾಕ ಹೋಗು. ಇಲ್ಲಂದ್ರ ಇಲ್ಲೇ ಕೂಡು" ಅಂದರು ಅತ್ತೆ. ರಿಂಕಿಗೆ ಹೋದ ಮೇಲೆ ತಾವೇ ನಿಂತು ಸ್ವೆಟರಿನ ಅಂಚನ್ನು ಪ್ಯಾಂಟಿನೊಳಗೆ ಬಿಗಿಯಾಗಿ ಸೇರಿಸಿ ಕಳಿಸಿದರು.

ಮೊದಲ ಅವಧಿಯಲ್ಲೇ ನಮ್ಮ ಹುಡುಗನೊಬ್ಬ ಎದುರಾಳಿ ಗೋಲಿನ ಮುಂದೆ ಮುಗ್ಗರಿಸಿ ಬಿದ್ದ. ಪಕ್ ಅವನ ಸ್ಕೇಟಿಗೆ ಬಡಿದು ಗೋಲಿನೊಳಗೆ ಹೋಯಿತು. ನಮಗೆ ಒಂದು, ಅವರಿಗೆ ಸೊನ್ನೆ. ಆಮೇಲೆ ಆಟವೆಲ್ಲ ಮಗಳ ಮುಂದೆಯೇ ನಡೆಯಿತು. ಅವಳು ಅಡ್ಡ ಬಿದ್ದಳು, ಎದ್ದಳು, ಕಾಲು ಚಾಚಿದಳು, ಒಂದನ್ನು ಹೆಲ್ಮೆಟ್ಟಿನಿಂದ ತಡೆದಳು. ಅಂಕಲ್ ಇವತ್ತು ಬಾಯಿ ಬಿಡುತ್ತಿರಲಿಲ್ಲ.

ಕೊನೆಯ ನಿಮಿಷ. ಅವರ ಎತ್ತರದ ಹುಡುಗ ಹತ್ತಿರದಿಂದ ಜೋರಾಗಿ ಹೊಡೆದ. ಮಗಳು ಎದೆ ಒಡ್ಡಿದಳು. ಆಮೇಲೆ ಪಕ್ ಇಲ್ಲ.

ವಿಷಲ್ ಊದಿದರು. ಮಂಜುಗಡ್ಡೆಯ ಮೇಲೆ ಪಕ್ ಇಲ್ಲ. ಗೋಲಿನೊಳಗೂ ಇಲ್ಲ, ಬಲೆಯ ಮೇಲೂ ಇಲ್ಲ. ಕೆಂಪು ಮೀಸೆಯ ಕೋಚ್ ಬೋರ್ಡು ಬಡಿಯುತ್ತಾ, "ಗೋಲು ಅದು! ಬಲೆ ಹರಿದು ಆಚೆ ಹೋಗಿದೆ!" ಎಂದು ಕೂಗಿದ. ರೆಫರಿ ಮೊಣಕಾಲೂರಿ ಬಲೆಯನ್ನೆಲ್ಲ ತಡಕಿ ನೋಡಿದ. ಎಲ್ಲೂ ಹರಿದಿರಲಿಲ್ಲ. ಕೊನೆಗೆ ಮಗಳಿಗೆ ನಿಂತಲ್ಲೇ ಕುಣಿಯಲು ಹೇಳಿದ. ಅವಳು ಪ್ಯಾಡು ಹೊತ್ತುಕೊಂಡು ಧಡ್ ಧಡ್ ಕುಣಿದಳು. ಏನೂ ಬೀಳಲಿಲ್ಲ.

ನನ್ನ ಬೆನ್ನ ಹಿಂದಿನ ಸೀಟಿನಿಂದ ಅತ್ತೆ ಕೇಳಿದರು: "ಆಟಾ ಬಿಟ್ಟು ಆಕಿನ್ನ ಎದಕ್ಕ ಕುಣಸಾಕತ್ತಾರ?"

"ಪಕ್ ಸಿಗ್ತಿಲ್ಲ ಅತ್ತೆ. ಅವಳ ಹತ್ತಿರ ಇದೆಯೇನೋ ಅಂತ."

"ನಮ್ಮ ಹುಡಿಗಿ ಕಳ್ಳಿ ಏನ್ರೀ!" ಎಂದು ಶಾಲು ಸೊಂಟಕ್ಕೆ ಕಟ್ಟಿ ಎದ್ದೇಬಿಟ್ಟರು. ಕೈ ಹಿಡಿದು ಕೂರಿಸುವಷ್ಟರಲ್ಲಿ ನನಗೆ ಸಾಕಾಯಿತು.

ಬೇರೆ ಪಕ್ ತಂದು ಉಳಿದ ಕ್ಷಣಗಳನ್ನು ಆಡಿಸಿದರು. ಗಂಟೆ ಹೊಡೆಯಿತು. ಗೆದ್ದಿದ್ದೆವು! ಮಕ್ಕಳೆಲ್ಲ ಮಗಳ ಮೇಲೆ ರಾಶಿ ಬಿದ್ದರು. ಆರಡಿ ಮೀರಿದ ನಮ್ಮ ಕೋಚ್ ಟೋಪಿಯಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದ. ನಾನು ಬಾಗಿಲು ತೆಗೆದೆ, ಹಾಕಿದೆ, ಮತ್ತೆ ತೆಗೆದೆ. ಏನು ಮಾಡುತ್ತಿದ್ದೇನೆಂದು ನನಗೇ ಗೊತ್ತಿರಲಿಲ್ಲ.

ಆಮೇಲೆ ಎರಡೂ ತಂಡ ಸಾಲಾಗಿ ನಿಂತು ಕೈ ಕುಲುಕುವ ಶಾಸ್ತ್ರ. ಬೆವರಿ ನೆಂದಿದ್ದ ಮಗಳು ಸೆಕೆ ತಾಳಲಾರದೆ ಸ್ವೆಟರಿನ ಅಂಚನ್ನು ಪ್ಯಾಂಟಿನಿಂದ ಹೊರಗೆಳೆದುಕೊಂಡಳು. ಸರಿಯಾಗಿ ಆ ಕೆಂಪು ಮೀಸೆಯ ಕೋಚಿನ ಮುಂದೆ ಬಂದು ಕೈ ಚಾಚಿದಾಗ, ಟಪ್ಪೆಂದು ಪಕ್ ಅವನ ಬೂಟಿನ ಮೇಲೆ ಬಿತ್ತು.

ಕೋಚ್ ಬಗ್ಗಿ ಪಕ್ ಎತ್ತಿಕೊಂಡು ತಿರುಗಿಸಿ ನೋಡಿದ. ಮಗಳು ಕೆಂಪಾಗಿ, ಜೆರ್ಸಿ ಎತ್ತಿ ಸ್ವೆಟರ್ ತೋರಿಸಿದಳು. ಕೊರಳ ಹತ್ತಿರ ನುಗ್ಗಿದ್ದು ಉಣ್ಣೆಯೊಳಗೆ ಇಳಿದು ಸೊಂಟದಲ್ಲಿ ಕೂತುಬಿಟ್ಟಿತ್ತು. "ನಮ್ಮ ಅಜ್ಜಿ ಹೆಣೆದದ್ದು" ಎಂದು ಸ್ಟ್ಯಾಂಡಿನ ಕಡೆ ಕೈ ತೋರಿಸಿದಳು.

ಅವನು ಪಕ್ ಹಿಡಿದು ಸೀದಾ ನಮ್ಮ ಕಡೆಯೇ ಬಂದ. ಬಂದವನು ಅತ್ತೆಯ ಮುಂದೆ ನಿಂತು, ತಲೆ ಬಾಗಿಸಿ, ನನಗೆ ಹೇಳಿದ: "ಅಜ್ಜಿ ನಮ್ಮ ತಂಡಕ್ಕೂ ಇಂಥದ್ದೊಂದು ಸ್ವೆಟರ್ ಹೆಣೆದುಕೊಡ್ತಾರಾ, ಕೇಳಿ."

ಸಂತೋಷದಲ್ಲಿ ನನ್ನ ಅನುವಾದ ಸ್ವಲ್ಪ ಎಡವಟ್ಟಾಯಿತು. "ಅತ್ತೆ, ಇವರಿಗೂ ಒಂದು ಸ್ವೆಟರ್ ಬೇಕಂತೆ" ಅಂದೆ.

ಅತ್ತೆ ಎದ್ದರು. ಮಂಕಿ ಕ್ಯಾಪು ಸರಿ ಮಾಡಿಕೊಂಡು, ಅಂಗೈ ಅಗಲಿಸಿ, ಆ ಮನುಷ್ಯನ ಹೊಟ್ಟೆಯ ಮೇಲೆ ಒಂದು ಗೇಣು ಇಟ್ಟರು. ಇನ್ನೊಂದು ಗೇಣು. ಮತ್ತೊಂದು. ಅವನು ಏನೂ ಅರ್ಥವಾಗದೆ ಎರಡೂ ಕೈ ಮೇಲೆತ್ತಿ ನಿಂತುಬಿಟ್ಟ. ಅವನ ಇಡೀ ತಂಡ ಗಾಜಿಗೆ ಮೂಗೊತ್ತಿ ನೋಡುತ್ತಿತ್ತು. ಪಕ್ಕೆಯ ಕಡೆ ಹೋಗುವಷ್ಟರಲ್ಲಿ ಅತ್ತೆ ದಣಿದು ಕೂತರು.

"ಈತ ಗೋಲಿನ್ಯಾಗ ನಿಂತ್ರ ಸ್ವೆಟರ್ ಎದಕ್ಕ ಬೇಕ್ರೀ? ಸುಮ್ಮ ನಿಂತ್ರ ಸಾಕು, ಗಾಳೀನೂ ಒಳಗ ಹೋಗೂದಿಲ್ಲ!"

ಕೋಚ್ ಕೈ ಮೇಲೆತ್ತಿಕೊಂಡೇ ಆಸೆಯಿಂದ ಮಗಳ ಕಡೆ ತಿರುಗಿದ. "ಏನಂದರು?"

ಮಗಳು ಅಜ್ಜಿಯನ್ನು ನೋಡಿದಳು, ಅವನ ಹೊಟ್ಟೆಯನ್ನು ನೋಡಿದಳು.

"ನೀವು ಹುಟ್ಟಾ ಗೋಲ್‌ಕೀಪರ್ ಅಂತೆ."