ಹಾರ ಹಾಕಿಸಿಕೊಂಡ ಇಂಗ್ಲಿಷ್ ಪದ

ಚನ್ನಗಿರಿಯ ಜನರ ಇಂಗ್ಲಿಷ್ ಜ್ಞಾನವನ್ನು ಮೇಲೆತ್ತುವ ಹೊಣೆಯನ್ನು ನನಗೆ ಯಾರೂ ವಹಿಸಿರಲಿಲ್ಲ. ನಾನೇ ವಹಿಸಿಕೊಂಡೆ.

ನನ್ನ ಹೆಂಡತಿ ಶಾರದೆಗೆ ಟೈಲರಿಂಗ್ ಅಂಗಡಿಯಿದೆ. ಅಲ್ಲಿ ಹುಕ್ಕು, ಗುಂಡಿ ಹಚ್ಚುವ ಖಾತೆ ನನ್ನದು. ಬಿಡುವು ಜಾಸ್ತಿ. ಹಾಗಾಗಿ ಮೊಬೈಲಿನಲ್ಲಿ ಅಪರೂಪದ ಇಂಗ್ಲಿಷ್ ಪದಗಳನ್ನು ಉಚ್ಚಾರಣೆ ಸಮೇತ ಕಲಿಯುತ್ತೇನೆ. ದಿನಕ್ಕೊಂದು ಪದವನ್ನು ಅಂಗಡಿ ಮುಂದೆ ಕಪ್ಪು ಹಲಗೆಯ ಮೇಲೆ ಬರೆದರೆ ಊರು ಉದ್ಧಾರವಾಗುತ್ತದೆಂದು ತೀರ್ಮಾನಿಸಿದೆ.

ಮೊದಲ ದಿನಕ್ಕೆ ಆರಿಸಿದ್ದು ‘ಅಲ್ಟ್ರಾಕ್ರೆಪಿಡೇರಿಯನ್’. ಅದನ್ನು ಉಚ್ಚರಿಸಲು ನನಗೇ ಎರಡು ದಿನ ಹಿಡಿದಿತ್ತು. ಎಲ್ಲರೂ ಓದಲೆಂದು ಕನ್ನಡ ಅಕ್ಷರದಲ್ಲೇ ಬರೆದೆ. ಅರ್ಥ ಆಗಲೇ ಹೇಳಿಬಿಟ್ಟರೆ ಕುತೂಹಲವೆಲ್ಲಿ? ಕೆಳಗೆ ‘ಸಂಜೆ ಐದಕ್ಕೆ’ ಎಂದಷ್ಟೇ ಬರೆದೆ. ಉದ್ಘಾಟನೆ ಎಂದ ಮೇಲೆ ಪೂಜೆ ಬೇಡವೇ? ಸೇವಂತಿಗೆ ಹಾರ ಹಾಕಿ ಎರಡು ಊದುಬತ್ತಿಯನ್ನೂ ಹಚ್ಚಿದೆ.

ಪರಿಣಾಮ ಅದ್ಭುತ! ಹಾದಿಹೋಕರು ಚಪ್ಪಲಿ ಬಿಟ್ಟು ಕೈಮುಗಿದರು. ಪಕ್ಕದ ಬಳೆ ಅಂಗಡಿಯ ರಫೀಕ್ ಶಟರನ್ನು ಅರ್ಧಕ್ಕೆ ಎಳೆದು ಬಂದ.

“ಐದಕ್ಕೇನ್ರೀ ಅಣ್ಣ?”

“ಸರಿಯಾಗಿ ಐದಕ್ಕೆ. ಎಲ್ರನ್ನೂ ಕರ್ಕೊಂಡು ಬಾರಪ್ಪ.”

“ಭಾಳ ವಯಸ್ಸಾಗಿತ್ತೇನು?”

“ಇನ್ನೂರು ವರ್ಷ ಆಗಿರ್ಬೇಕು.”

ರಫೀಕ್ ನನ್ನ ಭುಜ ಹಿಡಿದ. “ಧೈರ್ಯ ತಗೊಳ್ರೀ ಅಣ್ಣ” ಎಂದ. ಇಂಗ್ಲಿಷ್ ಕಲಿಸಲು ಧೈರ್ಯ ಬೇಕೇ ಬೇಕು ಎಂದು ನಾನೂ ತಲೆಯಾಡಿಸಿದೆ.

ಹನ್ನೊಂದಕ್ಕೆ ನಲ್ಲೂರಿನ ಗೌರಮ್ಮ ಬಂದರು. ಮಗಳ ಮದುವೆಗೆ ಮೂರೇ ದಿನ. ಶಾರದೆ ಹತ್ತು ದಿನ ಸೊಂಟ ನೋಯಿಸಿಕೊಂಡು ಹೊಲಿದ ಎಂಟು ಬ್ಲೌಸು ಮಡಚಿ ಇಟ್ಟಿದ್ದಳು. ಗೌರಮ್ಮ ಹಲಗೆ ನೋಡಿದವರೇ ರಸ್ತೆಯ ಆಚೆಗೇ ನಿಂತರು.

“ಸಾವಾದ ಮನಿಯಿಂದ ಮದುವಿ ಬಟ್ಟೆ ಒಯ್ಯಾಕೆ ಆಗಂಗಿಲ್ಲ ತಾಯಿ. ಬ್ಯಾರೆ ಹೊಲಿಸ್ಕೊಂತೀವಿ” ಎಂದು ಹೊರಟೇಬಿಟ್ಟರು.

ಕಪ್ಪು ಹಲಗೆ, ಹಾರ, ಊದುಬತ್ತಿ, ಒಂದು ಹೆಸರು, ಒಂದು ಹೊತ್ತು. ನಮ್ಮೂರಲ್ಲಿ ಇವೆಲ್ಲ ಒಟ್ಟಿಗೆ ಕಾಣುವುದು ಯಾವಾಗ ಎಂದು ನನಗೆ ಆಗ ಹೊಳೆಯಿತು! ಶಾರದೆಯ ಕಣ್ಣಲ್ಲಿ ನೀರು ತುಂಬಿತ್ತು. “ಅವ್ರನ್ನ ಕರ್ಕೊಂಡೇ ಬರ್ರಿ. ಇಲ್ಲಾಂದ್ರೆ ನೀವೂ ಬರಬ್ಯಾಡ್ರಿ” ಎಂದಳು. ಓಡಿದೆ.

ಬಸ್ ಸ್ಟ್ಯಾಂಡಿನಲ್ಲಿ ಗೌರಮ್ಮ ಬಸ್ಸು ಹತ್ತಿ ಕೂತಿದ್ದರು. ಕಿಟಕಿಯ ಹತ್ತಿರ ಏದುಸಿರು ಬಿಡುತ್ತ ಕೂಗಿದೆ: “ಅಮ್ಮಾ, ಯಾರೂ ಸತ್ತಿಲ್ರೀ! ಅದು ಇಂಗ್ಲಿಷ್ ಪದ!”

“ಹೌದಾ? ಏನು ಹಂಗಂದ್ರೆ?”

“ತನಗೆ ಗೊತ್ತಿಲ್ಲದ ವಿಷಯದಾಗೆ ಬುದ್ಧಿ ಹೇಳಾಕೆ ಹೋಗೋನು ಅಂತ!”

ಗೌರಮ್ಮ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. “ಹಂಗಾದ್ರೆ ನಿಜ ಇರ್ಬೇಕು” ಎಂದು ಚೀಲ ಎತ್ತಿಕೊಂಡು ಇಳಿದರು.

ಬ್ಲೌಸುಗಳು ನಲ್ಲೂರು ಸೇರಿದವು. ಸಂಜೆ ಐದಕ್ಕೆ, ಮಾತು ಕೊಟ್ಟಂತೆ ಅರ್ಥ ಬರೆಯಲು ಸೀಮೆಸುಣ್ಣ ಹಿಡಿದು ಹೊರಬಂದೆ. ರಫೀಕ್ ಜನರನ್ನೂ ಕರೆತಂದಿದ್ದ. ಆದರೆ ಗೌರಮ್ಮನಿಂದ ಅರ್ಥ ಕೇಳಿ ತಿಳಿದಿದ್ದ ಶಾರದೆ ಪದದ ಕೆಳಗೆ ಆಗಲೇ ನನ್ನ ಹೆಸರು ಬರೆದಿದ್ದಳು. ತಿದ್ದುವಂಥದ್ದೇನೂ ಇರಲಿಲ್ಲ.

ಹಾರವನ್ನು ಮಾತ್ರ ತೆಗೆದಿಟ್ಟಿದ್ದಳು. ಅಷ್ಟಾದರೂ ಪ್ರೀತಿ ಉಳಿದಿದೆ!